ಸತ್ತವನ ಹೆಸರಿಗೆ ಬಂದ ನೋಟಿಸು

ಹಜಿರಾ ಬೀಯ ದನಿ ದೊಡ್ಡದು. ಇಪ್ಪತ್ತೆಂಟು ವರ್ಷ ಹತ್ತಿ ಪಿಂಜುವ ಮಷೀನಿನ ಪಕ್ಕ ಕೂತು ಗಿರಾಕಿಗಳ ಜೊತೆ ಜಗ್ಗಾಡಿದವಳು ಅವಳು. ಮೆಲ್ಲಗೆ ಮಾತಾಡಿದರೆ ಯಾರಿಗೂ ಕೇಳುತ್ತಿರಲಿಲ್ಲ, ಹಾಗಾಗಿ ಮೆಲ್ಲಗೆ ಮಾತಾಡುವುದನ್ನೇ ಬಿಟ್ಟಳು. ಬಸವಕಲ್ಯಾಣದ ಹಳೆ ಪೇಟೆಯಲ್ಲಿ ಅವಳದೊಂದು ತಗಡಿನ ಅಂಗಡಿ ಇದೆ. ಒಂದು ಕಡೆ ಮಷೀನು, ಇನ್ನೊಂದು ಕಡೆ ಹತ್ತಿಯ ಗುಡ್ಡೆ, ನಡುವೆ ಚಾಪೆ. ಪಿಂಜಿದ ಹತ್ತಿಯನ್ನು ಬಟ್ಟೆಯ ಚೀಲಕ್ಕೆ ತುಂಬಿ, ಕೋಲಿನಿಂದ ಬಡಿದು ಸಮ ಮಾಡಿ, ದಬ್ಬಣ ಹಾಕಿ ಗಾದಿ ಹೊಲಿಯುತ್ತಾಳೆ. ಮೂಗಿಗೆ ದುಪಟ್ಟಾ ಕಟ್ಟಿಕೊಂಡರೂ ಹುಬ್ಬು, ರೆಪ್ಪೆ ಎಲ್ಲ ಬೆಳ್ಳಗಾಗಿರುತ್ತವೆ. ಅವಳಿಗೀಗ ಐವತ್ತೆಂಟು, ಅಂಗಡಿಯಲ್ಲಿ ನೋಡಿದವರು ಎಂಬತ್ತು ಅನ್ನುತ್ತಾರೆ, ಮುಖ ತೊಳೆದ ಮೇಲೆ ನೋಡಿದವರು ನಲವತ್ತೈದು ಅನ್ನುತ್ತಾರೆ.

ಮಷೀನು ತಂದವನು ಗಂಡ ಅಮೀರ. ಅವನು ತೀರಿಕೊಂಡ ವರ್ಷ ಮೊಹಲ್ಲಾದ ಹಿರಿಯರು ಬಂದು, ಮಷೀನು ಮಾರಿ ಮನೆಯಲ್ಲಿ ಕೂತುಕೋ ಎಂದು ಬುದ್ಧಿ ಹೇಳಿದರು. ಹಜಿರಾ ಬೀ ಅವರಿಗೆ ಚಹಾ ಕೊಟ್ಟಳು. ಅವರು ಚಹಾ ಕುಡಿಯುತ್ತಿರುವಾಗಲೇ ಎದ್ದು ಹೋಗಿ ಮಷೀನಿನ ಗುಂಡಿ ಒತ್ತಿದಳು. ಆಮೇಲೆ ಹಿರಿಯರು ಏನೇನು ಹೇಳಿದರೋ ಅವಳಿಗೆ ಕೇಳಲಿಲ್ಲ. ಆ ಮಷೀನಿನ ಮೇಲೆಯೇ ಮಗಳು ಖುಷ್ನುಮಾಳನ್ನು ಬಿ.ಎಡ್. ಓದಿಸಿ, ಲಗ್ನ ಮಾಡಿ ಕಳಿಸಿದಳು.

ಹುಮನಾಬಾದ ತಾಲೂಕಿನ ಘಾಟಬೋರಾಳ ಅವಳ ತವರು. ಅಲ್ಲಿ ಅವಳ ಅಪ್ಪನದು ಆರು ಎಕರೆ ಕರಿ ಮಣ್ಣಿನ ಹೊಲ, ಮೂಲೆಯಲ್ಲಿ ಬಾವಿ. ಅಪ್ಪ ಪಾಲು ಹಂಚದೆ ಹೋದ. ಹೊಲ ಅಣ್ಣ ಗಯಾಸುದ್ದೀನನ ಕೈಯಲ್ಲಿ ಉಳಿಯಿತು. ಅವನು ಪ್ರತಿ ವರ್ಷ ರಾಶಿ ಮುಗಿದ ಮೇಲೆ ತಂಗಿಯ ಮನೆಗೆ ಒಂದು ಚೀಲ ತೊಗರಿ ಕಳಿಸುತ್ತಿದ್ದ. ಊರವರು ಇದನ್ನು ಪ್ರೀತಿ ಅಂದರು. ಹೊಲದ ಬದಲು ಚೀಲ ಕಳಿಸುವುದು ಈ ಭಾಗದ ಅಣ್ಣಂದಿರಿಗೆ ರೂಢಿಯಾಗಿದೆ. ಹಿಂದೂ ಮನೆಯಾದರೆ ಚೀಲದ ಜೊತೆ ಒಂದು ಸೀರೆ ಇರುತ್ತದೆ, ವ್ಯತ್ಯಾಸ ಅಷ್ಟೇ. ಚೀಲ ಹೊತ್ತ ತಂಗಿ ಹತ್ತು ಮನೆಗೆ ಹೋಗಿ ಅಣ್ಣನನ್ನು ಹೊಗಳಿ ಬರುತ್ತಾಳೆ, ಹೊಲದ ಮಾತು ಎತ್ತುವುದಿಲ್ಲ. ಹಜಿರಾ ಬೀಯೂ ಒಂಬತ್ತು ವರ್ಷ ಹೊಗಳಿದಳು.

ಊರಿನ ಮುಂದಿನ ರಸ್ತೆ ಅಗಲವಾಯಿತು. ಹೊಲದ ಒಂದು ಬದಿ ನೇರ ರಸ್ತೆಗೆ ಹತ್ತಿತು. ಆ ವರ್ಷ ಚೀಲ ಬರಲಿಲ್ಲ. ಹಜಿರಾ ಬೀ ಬಸ್ ಹತ್ತಿ ಹೋಗಿ ಅಣ್ಣನ ಅಂಗಳದಲ್ಲಿ ನಿಂತಳು.

"ಭೈಯಾ, ತೊಗರಿ ಬ್ಯಾಡ. ಶರಿಯತ್ ಪ್ರಕಾರ ನಿನಗ ಎರಡು ಪಾಲು, ನನಗೊಂದು. ಆರು ಎಕರೆದಾಗ ನಂದು ಎರಡು ಎಕರೆ ಆಗ್ತದ. ಹೆಚ್ಚು ಕೇಳಂಗಿಲ್ಲ, ಕಡಿಮಿ ತಗೊಳ್ಳಂಗಿಲ್ಲ."

ಗಯಾಸುದ್ದೀನ ಒಳಗೆ ಹೋಗಿ ಒಂದು ಸ್ಟ್ಯಾಂಪ್ ಕಾಗದ ತಂದ. ಅಪ್ಪ ತೀರಿಕೊಂಡ ನಲವತ್ತನೆಯ ದಿನ, ಫಾತಿಹಾಕ್ಕೆ ಬಂದಾಗ, ಹಜಿರಾ ಬೀ ತನ್ನ ಪಾಲನ್ನು ಅಣ್ಣನಿಗೆ ಬಿಟ್ಟುಕೊಟ್ಟಿದ್ದಾಳೆ ಎಂದು ಅದರಲ್ಲಿ ಬರೆದಿತ್ತು. ಕೆಳಗೆ ಒಂದು ಹೆಬ್ಬೆಟ್ಟು.

"ಇದು ಯಾರ ಹೆಬ್ಬಟ್ಟು?" ಅಂದಳು.

"ನಿಂದ. ಮರ್ತಿ?"

ಅವಳು ಮರೆಯುವ ಹೆಂಗಸಲ್ಲ. ಅಲ್ಲಿಂದ ಸೀದಾ ಹುಮನಾಬಾದಿಗೆ ಹೋಗಿ ದಾವೆ ಹಾಕಿದಳು.

ದಾವೆ ಐದು ವರ್ಷ ನಡೆಯಿತು. ಅಷ್ಟೂ ದಿನ ಹೊಲ ಮಾರಬಾರದು ಎಂಬ ತಡೆಯಾಜ್ಞೆ ಇತ್ತು, ಹಾಗಾಗಿ ಅವಳು ನಿದ್ದೆ ಮಾಡಿದಳು. ಅವಳ ಮೊದಲ ವಕೀಲ ಅವಳಿಗಿಂತ ಚೆನ್ನಾಗಿ ನಿದ್ದೆ ಮಾಡಿದ. ಸಾಕ್ಷಿಯ ದಿನ ಬರಲಿಲ್ಲ, ವಾದದ ದಿನ ಬಂದು ಎರಡು ಮಾತಾಡಿ ಹೋದ. ದಾವೆ ವಜಾ ಆಯಿತು. ಆಗ ಅವಳಿಗೆ ಗೊತ್ತಾದ ಸಂಗತಿ ಏನೆಂದರೆ, ದಾವೆ ಬಿದ್ದ ಗಳಿಗೆಯಲ್ಲಿಯೇ ಅದನ್ನು ಹಿಡಿದು ನಿಂತಿದ್ದ ತಡೆಯಾಜ್ಞೆಯೂ ಬಿದ್ದುಹೋಗುತ್ತದೆ. ಸಂಜೆಗೆ ಘಾಟಬೋರಾಳದ ಚಹಾದಂಗಡಿಯಲ್ಲಿ ಮಾತು ಎದ್ದಿತು: ಗಯಾಸುದ್ದೀನ ರಸ್ತೆ ಬದಿಯ ನಾಲ್ಕು ಎಕರೆಯನ್ನು ಹುಮನಾಬಾದಿನ ಪ್ಲಾಟು ವ್ಯಾಪಾರಿ ಸಂಜುಕುಮಾರನಿಗೆ ಕೊಡುತ್ತಾನಂತೆ.

ಹಜಿರಾ ಬೀ ಅಳಲಿಲ್ಲ. ಅಳುವುದಕ್ಕೆ ಪುರುಸೊತ್ತು ಬೇಕು. ತೀರ್ಪಿನ ನಕಲು ತೆಗೆಸಿ, ಪೂನಮ ಎಂಬ ವಕೀಲೆಯ ಬಳಿ ಹೋದಳು. ಪೂನಮಳಿಗೆ ಮೂವತ್ತೆರಡು ವಯಸ್ಸು, ಕೋರ್ಟಿನ ಎದುರು ಝೆರಾಕ್ಸ್ ಅಂಗಡಿಯ ಮೇಲೆ ಒಂದು ಕೋಣೆ. ಕಡತವನ್ನೆಲ್ಲ ಓದಿ ಮುಗಿಸಿ ಅವಳು ಕೇಳಿದ ಮೊದಲ ಪ್ರಶ್ನೆ ಐದು ವರ್ಷದಲ್ಲಿ ಯಾರೂ ಕೇಳಿರಲಿಲ್ಲ.

"ಅಮ್ಮಾ, ನಿಮಗ ಸಹಿ ಮಾಡಾಕ ಬರ್ತದೇನ್ರಿ?"

"ಯಾಕ ಬರಂಗಿಲ್ಲ? ಏಳು ವರ್ಷದಾಕಿ ಇದ್ದಾಗ ಮಸೀದಿ ಉಸ್ತಾದರ ಕಡೆ ಉರ್ದು ಕಲ್ತೀನಿ. ಗಾದಿ ಮ್ಯಾಲೆ ಗಿರಾಕಿ ಹೆಸರು ಬರೆದು ಬರೆದು ಕನ್ನಡಾನೂ ಕಲ್ತೀನಿ."

"ಮತ್ತ ಈ ಕಾಗದದಾಗ ಹೆಬ್ಬಟ್ಟು ಯಾಕದ?"

"ಅದನ್ನ ನನ್ನ ಅಣ್ಣಗ ಕೇಳ್ರಿ."

"ನಿಮ್ಮ ಹಳೆ ಸಹಿ ಎಲ್ಲೆರ ಅದ?"

ಮರುದಿನ ಹಜಿರಾ ಬೀ ಟ್ರಂಕಿನ ತಳದಿಂದ ತನ್ನ ನಿಕಾಹನಾಮೆ ತಂದಿಟ್ಟಳು. ಮೂವತ್ತಾರು ವರ್ಷದ ಹಿಂದಿನ ಕಾಗದ, ಮಡಿಕೆಯಲ್ಲಿ ಹರಿದಿತ್ತು. ಮದುಮಗಳ ಜಾಗದಲ್ಲಿ ದುಂಡಗಿನ ಉರ್ದು ಸಹಿ. ಪೂನಮ ಅದನ್ನು ನೋಡಿ ನಕ್ಕಳು. ನಗುವುದನ್ನು ನಿಲ್ಲಿಸಿ ಹೇಳಿದಳು:

"ಅಪೀಲ್ ಗಟ್ಟಿ ಅದ. ಆದ್ರ ಅಪೀಲ್ ಮುಗಿಯೂದರಾಗ ನಿಮ್ಮಣ್ಣ ಹೊಲ ಮಾರಿಬಿಟ್ರ, ಗೆದ್ದು ಏನ್ ಮಾಡ್ತೀರಿ? ಅರವತ್ತು ಪ್ಲಾಟ್ ಬೀಳ್ತಾವ. ಅರವತ್ತು ಮಂದಿ ಮನಿ ಕಟ್ತಾರ. ಮದಲ ಮಾರೂದು ನಿಲ್ಲಸ್ಬೇಕು."

ಅಪೀಲಿನ ಜೊತೆ ತಡೆಯಾಜ್ಞೆಗೆ ಅರ್ಜಿ ಹಾಕಿದರು. ಗಯಾಸುದ್ದೀನ ಪ್ರಮಾಣಪತ್ರ ಕೊಟ್ಟು, 'ಸದರಿ ಹೊಲವನ್ನು ಮಾರುವ ಯಾವ ಉದ್ದೇಶವೂ ನನಗಿಲ್ಲ, ನಾನು ಉಳುವ ರೈತ' ಎಂದು ಬರೆಸಿದ. ಅವನ ವಕೀಲ ಹಿರಿಯ, ಬೆಳ್ಳಗಿನ ಮೀಸೆಯವ. ಅವನು ನಿಧಾನ ಎದ್ದು ನಿಂತು, ಮಾರುತ್ತೇನೆ ಎಂದು ಯಾರು ಹೇಳಿದರು, ಎಲ್ಲಿ ಕರಾರು, ಎಲ್ಲಿ ರಸೀದಿ, ಈ ಹೆಣ್ಣುಮಗಳು ಚಹಾದಂಗಡಿ ಮಾತು ಕೇಳಿ ಕೋರ್ಟಿಗೆ ಬಂದಿದ್ದಾಳೆ ಎಂದ. ಜಡ್ಜ್ ಸಾಹೇಬರು ಪೂನಮಳ ಕಡೆ ನೋಡಿ, ಮಾರುತ್ತಾರೆ ಎನ್ನುವುದಕ್ಕೆ ಆಧಾರ ಏನಿದೆ ಎಂದು ಕೇಳಿದರು.

ಹಿಂದಿನ ಬೆಂಚಿನಿಂದ ಹಜಿರಾ ಬೀ ಎದ್ದಳು. "ಇಡೀ ಊರಿಗೆ ಗೊತ್ತದ್ರೀ ಸಾಹೇಬ್ರ!"

ಕೋರ್ಟಿನ ಕಿಟಕಿಯಲ್ಲಿ ಕೂತಿದ್ದ ಪಾರಿವಾಳ ಹಾರಿಹೋಯಿತು. ಜಡ್ಜ್ ಸಾಹೇಬರು ಪೆನ್ನು ಇಟ್ಟರು.

"ಅಮ್ಮಾ, ಸಣ್ಣ ದನಿ. ಊರಿಗೆ ಗೊತ್ತಿದ್ದದ್ದು ಕೋರ್ಟಿಗೆ ಕಾಗದದಲ್ಲಿ ಗೊತ್ತಾಗಬೇಕು."

ಎರಡು ವಾರ ಮುಂದಕ್ಕೆ ಹೋಯಿತು. ಅಲ್ಲಿಯ ತನಕ ತಡೆ ಇಲ್ಲ.

ಆ ಎರಡು ವಾರದ ಮೊದಲ ವಾರದಲ್ಲಿ ಹಜಿರಾ ಬೀ ಘಾಟಬೋರಾಳಕ್ಕೆ ಮೂರು ಸಲ ಹೋಗಿ ಬಂದಳು. ಚಹಾದಂಗಡಿಯವನು ಗೊತ್ತು ಅಂದ. ದಲಾಲಿ ಮಾಡುವವನು ಗೊತ್ತು ಅಂದ. ಮಸೀದಿಯ ಎದುರು ಬೀಡಿ ಸೇದುತ್ತ ಕೂತ ನಾಲ್ವರೂ ಗೊತ್ತು ಅಂದರು. ಬರೆದು ಕೊಡ್ರಿ ಅಂದರೆ ಎಲ್ಲರಿಗೂ ಅದೇ ಗಳಿಗೆಗೆ ಕೆಲಸ ನೆನಪಾಯಿತು. ಅವಳು ಬೈದಳು, ಬೈದದ್ದು ಊರ ಆಚೆಗೂ ಕೇಳಿಸಿತು. ಬೈಗುಳ ಕೋರ್ಟಿನಲ್ಲಿ ಆಧಾರ ಆಗುವುದಿಲ್ಲ.

ಎಂಟನೆಯ ದಿನ ಅಂಗಡಿಗೆ ಜಿಜಾಬಾಯಿ ಬಂದಳು.

ಜಿಜಾಬಾಯಿ ಘಾಟಬೋರಾಳದವಳು, ಕುರಿ ಸಾಕುವವಳು. ಗಯಾಸುದ್ದೀನನ ಹೊಲಕ್ಕೆ ತಾಗಿ ಪೂರ್ವಕ್ಕೆ ಅವಳ ಎರಡು ಎಕರೆ. ಹಜಿರಾ ಬೀ ಮತ್ತು ಅವಳು ಚಿಕ್ಕಂದಿನಲ್ಲಿ ಒಂದೇ ಬಾವಿಯಲ್ಲಿ ಈಜು ಕಲಿತವರು. ಈಗ ಅವಳ ಮಗಳು ಸಾಕ್ಷಿಯ ಲಗ್ನ ಗೊತ್ತಾಗಿತ್ತು. ಲಗ್ನದ ಗಾದಿಗೆ ಅಂಗಡಿಯ ಹತ್ತಿ ಹಾಕುವುದು ಅವರ ಮನೆಯಲ್ಲಿ ಅವಮಾನ. ಸ್ವಂತ ಹೊಲದ್ದೇ ಆಗಬೇಕು. ಹಾಗಾಗಿ ಹತ್ತಿಯ ಮೂಟೆ ಹೊತ್ತು ಬಂದಿದ್ದಳು.

"ದಪ್ಪ ಹೊಲಿ ನೋಡ. ಹೋದ ವರ್ಷ ನಮ್ಮ ನಾದಿನಿ ಮಗಳಿಗೆ ಹೊಲ್ದಿದ್ದಿ, ಹಪ್ಪಳ ಇದ್ದಂಗ ಅದ ಅಂತಾರ."

"ಹಪ್ಪಳ ಇದ್ದಂಗ ಹತ್ತಿ ಕೊಟ್ರ ಹಪ್ಪಳದಂಗ ಗಾದಿ ಆಗ್ತದ," ಎಂದು ಮಷೀನಿನ ಗದ್ದಲದ ಮೇಲೆ ಹಜಿರಾ ಬೀ ಕೂಗಿದಳು.

ಜಿಜಾಬಾಯಿ ಕೂತು, ಸೊಂಟದ ಸಂಚಿಯಿಂದ ಎಲೆ ಅಡಿಕೆ ತೆಗೆದಳು. ಎಲೆ ಅಡಿಕೆಯ ಜೊತೆ ನಾಲ್ಕು ಮಡಿಕೆಯ ಕಾಗದವೂ ಬಂತು.

"ಇದೊಂದು ಓದಿ ಹೇಳು. ಪೋಸ್ಟಿನಂವ ಕೊಟ್ಟು ಹೋಗ್ಯಾನ. ನಮ್ಮವರ ಹೆಸರಿಲೆ ಬಂದದಂತ. ಸತ್ತು ಆರು ವರ್ಷ ಆತು, ಇನ್ನೂ ಯಾವ ಬ್ಯಾಂಕಿನವರು ಬೆನ್ನು ಹತ್ತ್ಯಾರೋ ಏನೋ."

ಹಜಿರಾ ಬೀ ಕೈಯ ಹತ್ತಿ ಕೊಡವಿ ಕಾಗದ ಬಿಚ್ಚಿದಳು. ಅಕ್ಷರದ ಕೆಳಗೆ ಬೆರಳಿಟ್ಟು ಓದಿದಳು. ಅದು ಸರ್ವೆ ಆಫೀಸಿನ ನೋಟಿಸು. ಗಯಾಸುದ್ದೀನ ಎಂಬುವರು ತಮ್ಮ ಸರ್ವೆ ನಂಬರಿನ ಆರು ಎಕರೆಯಲ್ಲಿ ನಾಲ್ಕು ಎಕರೆಯನ್ನು ಮಾರಾಟದ ಉದ್ದೇಶಕ್ಕಾಗಿ ಅಳೆದು ನಕ್ಷೆ ಕೊಡುವಂತೆ ಅರ್ಜಿ ಹಾಕಿದ್ದಾರೆ, ಬರುವ ಸೋಮವಾರ ಅಳತೆ ಇದೆ, ಪೂರ್ವ ಬದಿಯ ಬಾಜೂದಾರರಾದ ತುಳಜಾರಾಮ ಇವರು ತಪ್ಪದೆ ಹಾಜರಿರತಕ್ಕದ್ದು.

ಅವಳು ಎದ್ದು ಮಷೀನು ಬಂದ್ ಮಾಡಿದಳು. ಆ ಅಂಗಡಿ ಸುಮ್ಮನಾದದ್ದನ್ನು ಜಿಜಾಬಾಯಿ ಎಂದೂ ನೋಡಿರಲಿಲ್ಲ. ಅವಳಿಗೆ ಹೆದರಿಕೆಯಾಯಿತು.

"ಯಾಕ, ಜಪ್ತಿ ಅದೇನು? ಕುರಿ ಒಯ್ತಾರೇನು?"

"ಜಿಜಾ," ಅಂದಳು ಹಜಿರಾ ಬೀ, ಬಹಳ ವರ್ಷಗಳ ಮೇಲೆ ಸಣ್ಣ ದನಿಯಲ್ಲಿ, "ನಿನ್ನ ಗಂಡ ಸತ್ತ ಮ್ಯಾಲೂ ದೊಡ್ಡ ಕೆಲಸ ಮಾಡ್ಯಾನ."

ಗಯಾಸುದ್ದೀನನ ಲೆಕ್ಕ ಎಲ್ಲಿ ತಪ್ಪಿತು ಎಂದು ಹೇಳಬೇಕು. ಒಂದು ಸರ್ವೆ ನಂಬರಿನ ತುಂಡು ಮಾರಬೇಕಾದರೆ ಮೊದಲು ಆ ತುಂಡನ್ನು ಅಳೆಸಿ ನಕ್ಷೆ ಮಾಡಿಸಬೇಕು. ಅಳೆಯುವ ಮುಂಚೆ ಅಕ್ಕಪಕ್ಕದ ಹೊಲದವರಿಗೆ ನೋಟಿಸು ಹೋಗಬೇಕು. ಅವನ ಹೊಲದ ಪಶ್ಚಿಮಕ್ಕೆ ರಸ್ತೆ, ದಕ್ಷಿಣಕ್ಕೆ ನಾಲಾ, ಉತ್ತರಕ್ಕೆ ದನ ಮೇಯುವ ಸರಕಾರಿ ಗಾಯರಾಣ. ಪೂರ್ವಕ್ಕೆ, ಪಹಣಿಯ ಪ್ರಕಾರ, ತುಳಜಾರಾಮ. ಈ ಸೀಮೆಯಲ್ಲಿ ಪಹಣಿಯೊಳಗಿನ ಅರ್ಧ ರೈತರು ಗೋರಿಯಲ್ಲೋ ಸುಡುಗಾಡಿನಲ್ಲೋ ಇದ್ದಾರೆ. ವಾರಸಾ ಮಾಡಿಸಲು, ಅಂದರೆ ಹೊಲವನ್ನು ಬದುಕಿದವರ ಹೆಸರಿಗೆ ಏರಿಸಲು, ಚಾವಡಿಗೆ ಹತ್ತು ಸಲ ಅಲೆಯಬೇಕು, ಆದ್ದರಿಂದ ಯಾರೂ ಮಾಡಿಸುವುದಿಲ್ಲ. ಸತ್ತವರ ಹೆಸರಿನಲ್ಲೇ ಬಿತ್ತುತ್ತಾರೆ, ಸತ್ತವರ ಹೆಸರಿನಲ್ಲೇ ಕೊಯ್ಯುತ್ತಾರೆ. ನಾಲ್ಕು ದಿಕ್ಕಿಗೆ ಒಬ್ಬನೇ ಬಾಜೂದಾರ, ಅವನೂ ಸತ್ತವನು. ಗಯಾಸುದ್ದೀನನಿಗೆ ಇದಕ್ಕಿಂತ ಒಳ್ಳೆಯ ಬಾಜೂದಾರ ಬೇಕಿರಲಿಲ್ಲ. ನೋಟಿಸು ಪೋಸ್ಟಿನವನ ಚೀಲದಲ್ಲಿ ತಿರುಗಾಡಿ ವಾಪಸು ಹೋಗುತ್ತದೆ ಅಂದುಕೊಂಡ. ಜಿಜಾಬಾಯಿಗೆ ತಿಂಗಳ ವಿಧವಾ ವೇತನ ತಂದುಕೊಡುವವನು ಅದೇ ಪೋಸ್ಟಿನವನು ಎಂಬುದು ಅವನ ತಲೆಗೆ ಹೊಳೆಯಲಿಲ್ಲ. ಗಂಡಸರಿಗೆ ವಿಧವಾ ವೇತನದ ದಾರಿ ಗೊತ್ತಿರುವುದಿಲ್ಲ.

ಫೋನಿನಲ್ಲಿ ನೋಟಿಸಿನ ಫೋಟೋ ನೋಡಿದ ಪೂನಮ ಹೇಳಿದ್ದು ಎರಡೇ ಮಾತು. "ಸೋಮವಾರ ಇಬ್ರೂ ಹೊಲದಾಗ ನಿಂದರ್ರಿ, ಆದ್ರ ಬಾಯಿ ಮಾಡಬ್ಯಾಡ್ರಿ. ನಾ ಸರ್ವೆ ಆಫೀಸಿನಾಗ ಅರ್ಜಿ ನಕಲು ತೆಗಸ್ತೀನಿ."

ಸೋಮವಾರ ಮುಂಜಾನೆ ಜಿಜಾಬಾಯಿ ತನ್ನ ಕುರಿಗಳನ್ನು ಗಾಯರಾಣದಲ್ಲಿ ಬಿಟ್ಟು, ಕೈಯಲ್ಲಿ ಬಡಿಗೆ ಹಿಡಿದು ತನ್ನ ಬದುವಿನ ಮೇಲೆ ನಿಂತಳು. ಪಕ್ಕದಲ್ಲಿ ಹಜಿರಾ ಬೀ. ಸರ್ವೆಯರ್ ಬಂದ. ಗಯಾಸುದ್ದೀನ ಬಂದ, ತಂಗಿಯನ್ನು ನೋಡಿ ಹಾವು ತುಳಿದವರ ಹಾಗೆ ನಿಂತ.

"ನೀ ಯಾಕ ಬಂದಿ?"

"ಸಾಕ್ಷಿ ಲಗ್ನದ ಹತ್ತಿ ನೋಡಾಕ ಬಂದೀನಿ," ಅಂದಳು ಹಜಿರಾ ಬೀ. ಬಾಯಿ ಮಾಡಬೇಡ ಎಂದಿದ್ದರಿಂದ ಅಷ್ಟಕ್ಕೇ ನಿಲ್ಲಿಸಿದಳು. ಅವಳು ಜೀವಮಾನದಲ್ಲಿ ಅದಕ್ಕಿಂತ ಕಷ್ಟದ ಕೆಲಸ ಮಾಡಿರಲಿಲ್ಲ.

ಸರ್ವೆಯರ್ ಹಾಳೆ ತೆಗೆದು ಕೂಗಿದ. "ಪೂರ್ವ ಬಾಜೂ, ತುಳಜಾರಾಮ. ಹಾಜರ್ ಇದ್ದಾರೇನ್ರಿ?"

"ಕರೀರಿ, ಇನ್ನೊಮ್ಮೆ ಜೋರು ಕರೀರಿ," ಅಂದಳು ಜಿಜಾಬಾಯಿ. "ಆರು ವರ್ಷ ಆತು ನಾನೂ ಕರ್ಯಾಕತ್ತೀನಿ. ಬಂದ್ರ ನನಗೂ ಎರಡು ಮಾತು ಕೇಳೂದದ."

ಸರ್ವೆಯರನಿಗೆ ನಗು ತಡೆಯಲಾಗಲಿಲ್ಲ. "ನೀವು ಯಾರ್ರಿ?"

"ಅಂವನ ಹೆಂಡ್ತಿ. ನೋಟಿಸ್ ನನ್ನ ಕೈಯಾಗ ಬಂದದ. ಏನಂತ ಅಳಿಯಾಕತ್ತೀರಿ, ಹೇಳ್ರಿ. ನಾ ಓದಿದಾಕಿ ಅಲ್ಲ."

"ಮಾರಾಟಕ್ಕ ನಕ್ಷಾ ಬೇಕಂತ ಅರ್ಜಿ ಹಾಕ್ಯಾರ. ನಾಲ್ಕು ಎಕರೆ."

"ಹಂಗಿದ್ರ ಹಂಗ ಬರೀರಿ. ನಾ ಹೆಬ್ಬಟ್ಟು ಒತ್ತತೀನಿ. ನಂದು ಖರೆ ಹೆಬ್ಬಟ್ಟು, ಯಾರ ಕಾಗದದ ಮ್ಯಾಲೂ ತಾನ ಹೋಗಿ ಕೂಡೂದಿಲ್ಲ."

ಗಯಾಸುದ್ದೀನನ ಮುಖ ಬಿಸಿಲಿಗೆ ಕೆಂಪಾಯಿತೋ ಮಾತಿಗೆ ಕೆಂಪಾಯಿತೋ, ಅಂತೂ ಕೆಂಪಾಯಿತು. ಸರ್ವೆಯರ್ ಪಂಚನಾಮೆ ಬರೆದು, 'ಮಾರಾಟದ ಉದ್ದೇಶಕ್ಕಾಗಿ' ಎಂದೇ ಬರೆದು, ಜಿಜಾಬಾಯಿಯ ಹೆಬ್ಬೆಟ್ಟು ಒತ್ತಿಸಿಕೊಂಡ.

ಅದೇ ವಾರ ಪೂನಮ ಸರ್ವೆ ಆಫೀಸಿನಿಂದ ಅರ್ಜಿಯ ಪ್ರಮಾಣಿತ ನಕಲು ತಂದಳು. ಅದರ ಮೇಲಿನ ತಾರೀಖು ನೋಡಿ, ಪ್ರಮಾಣಪತ್ರವನ್ನು ತೆಗೆದು ಪಕ್ಕಕ್ಕೆ ಇಟ್ಟುಕೊಂಡಳು. ಮಾರುವ ಉದ್ದೇಶವೇ ನನಗಿಲ್ಲ ಎಂದು ಗಯಾಸುದ್ದೀನ ಕೋರ್ಟಿನಲ್ಲಿ ಪ್ರಮಾಣ ಮಾಡಿದ್ದು ಹದಿನಾಲ್ಕನೆಯ ತಾರೀಖು. ಮಾರಲು ಅಳೆದು ಕೊಡ್ರಿ ಎಂದು ಅರ್ಜಿ ಹಾಕಿದ್ದು ಹನ್ನೊಂದಕ್ಕೆ. ಎರಡರ ಕೆಳಗೂ ಅವನದೇ ಸಹಿ.

ಕೋರ್ಟಿನ ದಿನ ಬಂತು. ಪೂನಮ ಎದ್ದಳು. ಎರಡು ಕಾಗದ ಜೋಡಿಸಿ ಕೊಟ್ಟಳು. ಜಡ್ಜ್ ಸಾಹೇಬರು ಒಂದನ್ನು ಓದಿದರು, ಇನ್ನೊಂದನ್ನು ಓದಿದರು, ಮತ್ತೆ ಮೊದಲನೆಯದನ್ನು ಓದಿದರು. ಬೆಳ್ಳಗಿನ ಮೀಸೆಯ ವಕೀಲ ಅಷ್ಟರಲ್ಲಿ ಬೇರೆ ದಾರಿ ಹಿಡಿದ. ಅಪೀಲು ನಡೆದಿರುವಾಗ ಮಾರಿದರೂ ಕೊಂಡವನಿಗೆ ಅಪೀಲಿನ ತೀರ್ಪು ಅಂಟಿಕೊಂಡೇ ಇರುತ್ತದೆ, ಹೀಗಿರುವಾಗ ಈಕೆಗೆ ನಷ್ಟ ಏನು, ತಡೆ ಯಾತಕ್ಕೆ ಎಂದ.

"ಕೊಳ್ಳುವವನು ಒಬ್ಬನಾದರೆ ಆ ಮಾತು ಸರಿ," ಅಂದಳು ಪೂನಮ. "ಅವನು ಕೊಂಡ ಮರುದಿನ ಅರವತ್ತು ಪ್ಲಾಟು ಮಾಡಿ ಅರವತ್ತು ಜನಕ್ಕೆ ಮಾರುತ್ತಾನೆ. ಅವರು ಮನೆ ಕಟ್ಟುತ್ತಾರೆ, ಮಕ್ಕಳು ಮರಿ ಹುಟ್ಟುತ್ತವೆ. ಈ ಹೆಣ್ಣುಮಗಳು ಅಪೀಲು ಗೆದ್ದು ಅರವತ್ತು ಮನೆಯ ಬಾಗಿಲು ಬಡಿಯಬೇಕೇ? ಅವರ ಪಾಪವೇನು? ಇನ್ನು ಹಕ್ಕು ಬಿಟ್ಟ ಕಾಗದದ ಮಾತು. ಅದು ರಿಜಿಸ್ಟರ್ ಆಗಿಲ್ಲ. ಈಕೆ ಮೂವತ್ತಾರು ವರ್ಷದ ಹಿಂದೆಯೇ ಸಹಿ ಮಾಡುತ್ತಿದ್ದಳು ಎನ್ನುವುದಕ್ಕೆ ನಿಕಾಹನಾಮೆ ಇಲ್ಲಿದೆ. ಸಹಿ ಬರುವವಳು ಹೆಬ್ಬೆಟ್ಟು ಏಕೆ ಒತ್ತಿದಳು?"

ಹಜಿರಾ ಬೀ ಹಿಂದಿನ ಬೆಂಚಿನಲ್ಲಿ ದುಪಟ್ಟಾದ ಸೆರಗನ್ನು ಹಲ್ಲಿನಲ್ಲಿ ಕಚ್ಚಿ ಕೂತಿದ್ದಳು.

ಆದೇಶ ಶುಕ್ರವಾರ ಮುಂಜಾನೆ ಬಂತು. ಅಪೀಲು ತೀರ್ಮಾನವಾಗುವ ತನಕ ಗಯಾಸುದ್ದೀನ ಆರು ಎಕರೆಯಲ್ಲಿ ಒಂದು ಗುಂಟೆಯನ್ನೂ ಮಾರಬಾರದು, ಒತ್ತೆ ಇಡಬಾರದು, ಯಾರ ಹೆಸರಿಗೂ ವರ್ಗ ಮಾಡಬಾರದು. ಬೆಳ್ಳಗಿನ ಮೀಸೆಯ ವಕೀಲ ಕಡತ ಮಡಚಿಕೊಂಡು ಹೊರಗೆ ಹೋಗಿ ಫೋನ್ ಹಚ್ಚಿದ. ಪೂನಮ ತುರ್ತು ನಕಲಿಗೆ ಅರ್ಜಿ ಕೊಟ್ಟಳು. ನಕಲು ಕೈಗೆ ಬರುವಾಗ ಮೂರು ಗಂಟೆ ದಾಟಿತ್ತು.

ಸೀಲಿನ ಮಸಿ ಒಣಗುವ ಮುಂಚೆಯೇ ಹಜಿರಾ ಬೀಯ ಫೋನು ಬಡಿದುಕೊಂಡಿತು. ಜಿಜಾಬಾಯಿ.

"ಹಜಿರಾ, ನಿಮ್ಮಣ್ಣ ಸಂಜುಕುಮಾರನ ಕಾರ್ ಹತ್ತಿ ಹೋದ. ಹೊಸ ಅಂಗಿ ಹಾಕ್ಯಾನ. ಸಂಗಾಟ ಇಬ್ರು ಸಾಕ್ಷಿ ಮಂದಿ ಹೋಗ್ಯಾರ."

ಹೊಸ ಅಂಗಿ, ಇಬ್ಬರು ಸಾಕ್ಷಿ. ಇದಕ್ಕೆ ವಕೀಲರ ಅರ್ಥ ಬೇಕಿಲ್ಲ. ಹುಮನಾಬಾದಿನ ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ನಾಲ್ಕು ಗಂಟೆಯ ಪಾಳಿ ಮೊದಲೇ ಹಿಡಿದಿಟ್ಟಿದ್ದರು. ಆದೇಶ ನಮ್ಮ ಕೈಗೆ ಬಂದಿರಲಿಲ್ಲ, ನಮಗೆ ಗೊತ್ತೇ ಆಗಲಿಲ್ಲ ಎಂದು ಆಮೇಲೆ ಹೇಳಿದರಾಯಿತು ಎಂಬ ಧೈರ್ಯ.

ಕೋರ್ಟಿನ ಗೇಟಿನಲ್ಲಿ ಒಂದು ಆಟೋ ನಿಂತಿತ್ತು. ಅದನ್ನು ಓಡಿಸುವವನು ಆರಿಫ. "ಅಮ್ಮಾ, ಇನ್ನೂ ಇಬ್ರು ಬರಲಿ, ಆಮ್ಯಾಲ ಬಿಡೂನು," ಅಂದ. ಹಜಿರಾ ಬೀ ಹಿಂದೆ ಕೂತು ಅವನ ಕಿವಿಯ ಹತ್ತಿರ ಒಂದೇ ಮಾತು ಹೇಳಿದಳು. ಆಟೋ ಹೊರಟಿತು. ಆ ಕಿವಿ ಎರಡು ದಿನ ಗುಂಯ್‌ಗುಡುತ್ತಿತ್ತು ಎಂದು ಆರಿಫ ಈಗಲೂ ಹೇಳುತ್ತಾನೆ. ಪೂನಮ ಕರಿ ಕೋಟಿನಲ್ಲೇ ಸ್ಕೂಟಿಯ ಮೇಲೆ ಹಿಂದೆ ಬಂದಳು.

ಆಫೀಸಿನ ಒಳಗೆ ಜಾತ್ರೆ. ಬಾಂಡ್ ಬರೆಯುವವರು, ಕೊಳ್ಳುವವರು, ಮಾರುವವರು, ಸುಮ್ಮನೆ ಬಂದವರು. ಜನರ ತಲೆಗಳ ಆಚೆ, ಕ್ಯಾಮೆರಾದ ಮುಂದಿನ ಕುರ್ಚಿಯಲ್ಲಿ ಗಯಾಸುದ್ದೀನ ಕೂತಿದ್ದ. ಫೋಟೋ ಆಗಿತ್ತು. ಬೆರಳಚ್ಚಿನ ಮಷೀನಿನ ಕಡೆಗೆ ಅವನ ಕೈ ಹೋಗುತ್ತಿತ್ತು. ನಡುವೆ ನಲವತ್ತು ಜನ. ದಾಟಿ ಹೋಗಲು ಸಮಯವಿರಲಿಲ್ಲ.

ಹಜಿರಾ ಬೀ ಬಾಗಿಲಲ್ಲೇ ನಿಂತು ಬಾಯಿ ತೆರೆದಳು. ಕೋರ್ಟಿನಲ್ಲಿ ನುಂಗಿಕೊಂಡದ್ದು, ಹೊಲದಲ್ಲಿ ನುಂಗಿಕೊಂಡದ್ದು, ಎಲ್ಲ ಒಟ್ಟಿಗೆ ಹೊರಬಂತು.

"ಭೈಯಾ! ಹೆಬ್ಬಟ್ಟು ಎತ್ತು!"

ಇಡೀ ಆಫೀಸು ತಿರುಗಿತು. ಕಂಪ್ಯೂಟರಿನವನು ಕೈ ತೆಗೆದ. ಒಬ್ಬ ಮುದುಕ ತನಗೇ ಹೇಳಿದರು ಎಂದುಕೊಂಡು ಎರಡೂ ಕೈ ಮೇಲೆತ್ತಿದ. ಗಯಾಸುದ್ದೀನನ ಬೆರಳು ಗಾಳಿಯಲ್ಲಿ ನಿಂತಿತು.

"ಮದಲ ನನ್ನ ಹೆಸರಿನ ಹೆಬ್ಬಟ್ಟಿನ ಕಥಿ ಮುಗೀಲಿ. ಆಮ್ಯಾಲ ನಿಂದು ಹಚ್ಚು!"

ಜನ ತಾವಾಗಿಯೇ ದಾರಿ ಬಿಟ್ಟರು. ಅವಳು ನಡೆದು ಹೋಗಿ ಆದೇಶದ ನಕಲನ್ನು ಅಧಿಕಾರಿಯ ಮೇಜಿನ ಮೇಲೆ ಇಟ್ಟಳು. ಪೂನಮ ಪಕ್ಕಕ್ಕೆ ಬಂದು ಆದೇಶದ ಸಾಲಿನ ಮೇಲೆ ಬೆರಳಿಟ್ಟಳು. ಅಧಿಕಾರಿ ಓದಿದರು, ಸೀಲು ನೋಡಿದರು, ಸರ್ವೆ ನಂಬರು ತಾಳೆ ನೋಡಿದರು.

"ಕೋರ್ಟಿನ ಹುಕುಂ ಅದ. ಇದು ಆಗಂಗಿಲ್ಲ. ಎದ್ದೇಳ್ರಿ, ಮುಂದಿನವರು ಬರ್ರಿ."

ಸಂಜುಕುಮಾರ ಅಲ್ಲಿಯ ತನಕ ಗೋಡೆಗೆ ಒರಗಿ ಮೊಬೈಲ್ ನೋಡುತ್ತಿದ್ದ. ಈಗ ಮುಂದೆ ಬಂದ.

"ಏನ್ ಚಾಚಾ, ಕೇಸ್ ಮುಗದದ, ತಂಗಿ ಸೋತಾಳ ಅಂದಿದ್ರಿ?"

"ಸೋತಾಳ... ಅದು ಮ್ಯಾಲಿಂದು ಸ್ವಲ್ಪ..."

"ಮ್ಯಾಲಿಂದ ಇರಲಿ, ಕೆಳಗಿಂದ ಇರಲಿ. ಕೋರ್ಟ್ ಹತ್ತಿದ ಹೊಲ ನನಗ ಬ್ಯಾಡ. ನಾ ಮುಂಗಡ ಕೊಟ್ಟ ಬಯಾನಾ ರೊಕ್ಕ ನಾಳೆ ಮುಂಜಾನಿ ಮನಿಗೆ ಮುಟ್ಟಬೇಕು." ಹೀಗೆ ಹೇಳಿ ಅವನು ಕಾರು ಹತ್ತಿ ಹೋದ. ಸಾಕ್ಷಿಗೆ ಬಂದ ಇಬ್ಬರೂ ಅದೇ ಕಾರಿನಲ್ಲಿ ಹೋದರು. ಹೊಸ ಅಂಗಿಯ ಗಯಾಸುದ್ದೀನ ಊರಿಗೆ ಬಸ್ಸಿನಲ್ಲಿ ಹೋದ, ಅದೂ ನಿಂತುಕೊಂಡು.

ಪೂನಮ ಅವತ್ತೇ ತಹಶೀಲ್ ಕಚೇರಿಗೆ ಇನ್ನೊಂದು ನಕಲು ಮುಟ್ಟಿಸಿದಳು. ಹತ್ತು ದಿನಕ್ಕೆ ಪಹಣಿಯಲ್ಲಿ ತಡೆಯಾಜ್ಞೆಯ ನಮೂದು ಬಿತ್ತು. ಹಜಿರಾ ಬೀ ಆ ಪಹಣಿಯನ್ನು ತೆಗೆಸಿ, ಅಂಗಡಿಯಲ್ಲಿ ಅಮೀರನ ಫೋಟೋದ ಪಕ್ಕ ಮೊಳೆ ಹೊಡೆದು ತೂಗುಹಾಕಿದ್ದಾಳೆ. ಗಾದಿಗೆ ಬಂದವರು ಮೊದಲು ಅದನ್ನು ಓದಬೇಕು. ಓದು ಬರದವರಿಗೆ ಅವಳೇ ಓದಿ ಹೇಳುತ್ತಾಳೆ, ಮಷೀನು ಬಂದ್ ಮಾಡದೆಯೇ. ಜಿಜಾಬಾಯಿ ಕೂಡ ಚಾವಡಿಗೆ ಹೋಗಿ ಗಂಡನ ಹೊಲವನ್ನು ತನ್ನ ಹೆಸರಿಗೆ ಮಾಡಿಸಿಕೊಂಡಳು. ಹತ್ತು ಸಲ ಅಲೆದಳು. ಹನ್ನೊಂದನೆಯ ಸಲಕ್ಕೆ ಹಜಿರಾ ಬೀಯನ್ನು ಕರೆದುಕೊಂಡು ಹೋದಳು, ಅವತ್ತೇ ಕೆಲಸ ಆಯಿತು.

ಸಾಕ್ಷಿಯ ಲಗ್ನಕ್ಕೆ ನಾಲ್ಕು ದಿನ ಇರುವಾಗ ಅಂಗಡಿಯ ಮುಂದೆ ಒಂದು ಟಂಟಂ ಆಟೋ ನಿಂತಿತು. ಗಯಾಸುದ್ದೀನನ ಹಿರಿಯ ಮಗ ಅಜರ್ ಇಳಿದ. ಎರಡು ಮಕ್ಕಳ ತಂದೆ, ಅತ್ತೆಯ ಮುಖ ನೋಡಲು ನಾಚುತ್ತಿದ್ದ. ಹಿಂದೆ ಎರಡು ಚೀಲ ತೊಗರಿ.

"ಫೂಫೀ, ಅಬ್ಬಾ ಕಳಸ್ಯಾರ. ಈ ಸಲ ಎರಡು."

ಹಜಿರಾ ಬೀ ಗಾದಿಯ ಮೂಲೆ ಹೊಲಿಯುತ್ತಿದ್ದಳು. ಅದು ಸಾಕ್ಷಿಯ ಗಾದಿ, ಒಂದು ಮೊಳ ದಪ್ಪ. ದಬ್ಬಣ ಚುಚ್ಚಿಟ್ಟು ತಲೆ ಎತ್ತಿದಳು.

"ಬಾ, ಕೂಡು. ಚಹಾ ಕುಡಿ. ಚೀಲ ಇಳಿಸಬ್ಯಾಡ."

"ಅಬ್ಬಾ ಹೇಳ್ಯಾರ, ಮನಿ ಮಾತು ಮನಿಯಾಗ ಮುಗಿಸೂನು ಅಂತ. ಒಂದು ಎಕರೆ ಕೊಡ್ತಾರಂತ, ನೀವು ಅಪೀಲ್ ವಾಪಸ್ ತಗೋಬೇಕಂತ."

"ಹೋದ ವರ್ಷ ಒಂದು ಕಾಳು ಇರಲಿಲ್ಲ. ಈಗ ಎರಡು ಚೀಲ ಬಂದಾವ, ಒಂದು ಎಕರೆ ಬಂದದ. ಅಪೀಲಿನ ವಾದ ಇನ್ನೂ ಶುರುನೂ ಆಗಿಲ್ಲ ನೋಡ." ಅವಳು ನಕ್ಕಳು. ಹುಬ್ಬಿನ ಹತ್ತಿ ಉದುರಿತು. "ನಿಮ್ಮಪ್ಪಗ ಹೇಳು, ಎರಡು ಎಕರೆ, ಅದರಾಗ ರಸ್ತೆ ಬಾಜೂದ್ದೂ ನನ್ನ ಪಾಲಿನಷ್ಟು ಇರಬೇಕು. ಜಡ್ಜ್ ಸಾಹೇಬರ ಮುಂದ ನಿಂತು ಹೇಳಲಿ, ಬರೆದು ಕೊಡಲಿ. ನಾನೂ ಬರ್ತೀನಿ, ಸಹಿ ಮಾಡ್ತೀನಿ. ಸಹಿ, ತಿಳೀತಿಲ್ಲೋ?"

ಅಜರ್ ಚಹಾ ಕುಡಿದ. ಚೀಲ ಇಳಿಸದೆ ಟಂಟಂ ತಿರುಗಿಸಿಕೊಂಡು ಹೋದ. ಹೋಗುವಾಗ ಗೋಡೆಯ ಪಹಣಿಯನ್ನು ಒಮ್ಮೆ ಓದಿಕೊಂಡ. ಹಜಿರಾ ಬೀ ಎದ್ದು ಮಷೀನಿನ ಗುಂಡಿ ಒತ್ತಿ, ಹೊರಗೆ ಕಾಯುತ್ತಿದ್ದ ಗಿರಾಕಿಯನ್ನು ಕೂಗಿ ಕರೆದಳು.